ಆರು ಚಿತ್ರಗಳ ಆಚೆಯ ಸೆತ್ಸುಕೊ ಹಾರಾ

ಪ್ರಶ್ನೆ: ಮಣಿಪಾಲದಲ್ಲಿ ಓದುತ್ತಿರುವ ಮಗಳು ರಜೆಯಲ್ಲಿ ಮನೆಗೆ ಬಂದಾಗ ಹಟ ಹಿಡಿದು ಜಪಾನಿನ ‘ಟೋಕಿಯೊ ಸ್ಟೋರಿ’ ಚಿತ್ರ ತೋರಿಸಿದಳು. ಚಿತ್ರ ಹಿಡಿಸಿತು. ಆದರೆ ಅದರಲ್ಲಿ ಸೊಸೆಯ ಪಾತ್ರ ಮಾಡಿದ ಸೆತ್ಸುಕೊ ಹಾರಾ ದೊಡ್ಡ ನಟಿ ಎಂದು ಅವಳು ಹೇಳಿದ್ದನ್ನು ಒಪ್ಪಲು ನನ್ನಿಂದ ಆಗಲಿಲ್ಲ. ಇಡೀ ಚಿತ್ರದಲ್ಲಿ ಆಕೆ ನಗುತ್ತಲೇ ಇರುತ್ತಾರೆ. ಸಹನೆಯೇ ಮೈವೆತ್ತ ಸೊಸೆಯರನ್ನು ನಮ್ಮ ಸಿನಿಮಾಗಳಲ್ಲೂ ಬೇಕಾದಷ್ಟು ಕಂಡಿದ್ದೇವೆ. ನಿರ್ದೇಶಕ ಓಜು ತೀರಿಕೊಂಡ ದುಃಖದಲ್ಲಿ ಆಕೆ ಸಿನಿಮಾವನ್ನೇ ತೊರೆದು ಮನೆಯೊಳಗೆ ಸೇರಿಕೊಂಡರಂತೆ, ಇದು ನಿಜವೇ? ಆಕೆಯನ್ನು ಅರ್ಥಮಾಡಿಕೊಳ್ಳಲು ಇನ್ನೇನು ನೋಡಬೇಕು?
(ಓದುಗರೊಬ್ಬರು, ಸುರತ್ಕಲ್)

ಉತ್ತರ: ದುಃಖದ ಕಥೆಯನ್ನು ಮೊದಲು ಮುಗಿಸಿಬಿಡೋಣ, ಅದಕ್ಕೆ ಒಂದು ಕ್ಯಾಲೆಂಡರ್ ಸಾಕು. ಸೆತ್ಸುಕೊ ಹಾರಾ ಕೊನೆಯ ಬಾರಿ ಕಾಣಿಸಿಕೊಂಡ ‘ಚುಶಿಂಗುರಾ’ ತೆರೆಗೆ ಬಂದದ್ದು 1962ರ ನವೆಂಬರಿನಲ್ಲಿ. ಯಸುಜಿರೊ ಓಜು ತೀರಿಕೊಂಡದ್ದು 1963ರ ಡಿಸೆಂಬರ್ 12ರಂದು, ತಮ್ಮ ಅರವತ್ತನೆಯ ಹುಟ್ಟುಹಬ್ಬದ ದಿನವೇ. ಎರಡರ ನಡುವೆ ಒಂದು ವರ್ಷಕ್ಕೂ ಹೆಚ್ಚಿನ ಅಂತರವಿದೆ. ನಿರ್ದೇಶಕ ಇನ್ನೂ ಬದುಕಿದ್ದಾಗಲೇ ನಿಂತುಹೋದ ಕೆಲಸಕ್ಕೆ ಅವರ ಸಾವನ್ನು ಕಾರಣ ಮಾಡುವುದು ಹೇಗೆ? ಆದರೂ ಈ ಕಥೆ ಅರವತ್ತು ವರ್ಷಗಳಿಂದ ಓಡಾಡುತ್ತಿದೆ. ಹೆಂಗಸೊಬ್ಬಳು ತನ್ನ ಕೆಲಸ ತಾನೇ ಬಿಟ್ಟಳು ಎಂದರೆ ಜನಕ್ಕೆ ಸಮಾಧಾನವಾಗುವುದಿಲ್ಲ, ಅದರ ಹಿಂದೆ ಒಬ್ಬ ಗಂಡಸು ಇರಲೇಬೇಕು.

ಇನ್ನು ನಗುವಿನ ವಿಷಯ. ಇದಕ್ಕೆ ಸ್ವಲ್ಪ ಹೊತ್ತು ಬೇಕು.

ನಿಮ್ಮ ಆಕ್ಷೇಪ ನಿಮ್ಮೊಬ್ಬರದೇ ಅಲ್ಲ. ಜಪಾನಿನಲ್ಲಿ ನಟನೆ ಬಾರದವರನ್ನು ‘ಮೂಲಂಗಿ’ ಎಂದು ಹೀಗಳೆಯುವ ರೂಢಿಯಿದೆ. ಹಾರಾ ಅವರನ್ನೂ ಅಲ್ಲಿನ ವಿಮರ್ಶಕರು ಬಹಳ ಕಾಲ ಹಾಗೆಯೇ ಕರೆದರು. ಚೆಲುವೆ ಹೌದು, ಆದರೆ ಮೂಲಂಗಿ. ಓಜು ಇದನ್ನು ಒಪ್ಪದೆ ಬಹಿರಂಗವಾಗಿಯೇ ಅವರ ಪರ ವಹಿಸಿ ಮಾತನಾಡಿದವರು. ನನಗೂ ಮೊದಲ ಸಲ ನೋಡಿದಾಗ ನಿಮ್ಮ ಹಾಗೆಯೇ ಅನ್ನಿಸಿತ್ತು. ಅಭಿಪ್ರಾಯ ಬದಲಾದದ್ದು ಒಂದು ಮಳೆಯಿಂದ.

ಉಡುಪಿಯಲ್ಲಿ ನಾವು ಕೆಲವರು ಸೇರಿ ಒಂದು ಸಣ್ಣ ಚಿತ್ರಸಮಾಜ ನಡೆಸುತ್ತಿದ್ದ ದಿನಗಳವು. ಫಿಲ್ಮಿನ ಸುರುಳಿಗಳು ತಗಡಿನ ಪೆಟ್ಟಿಗೆಯಲ್ಲಿ ಬಸ್ಸಿನಲ್ಲಿ ಬರುತ್ತಿದ್ದವು. ಜುಲೈ ತಿಂಗಳ ಒಂದು ಸಂಜೆ ಓಜು ಅವರ ‘ಲೇಟ್ ಸ್ಪ್ರಿಂಗ್’ ಹಾಕಿದ್ದೆವು. ಸಭಾಂಗಣಕ್ಕೆ ಶೀಟಿನ ಮಾಡು. ಚಿತ್ರ ಅರ್ಧಕ್ಕೆ ಬರುವ ಹೊತ್ತಿಗೆ ಮಳೆ ಶುರುವಾಯಿತು. ಕರಾವಳಿಯ ಮಳೆ ಶೀಟಿನ ಮೇಲೆ ಬಿದ್ದರೆ ಪಕ್ಕದಲ್ಲಿ ಕುಳಿತವರ ಮಾತೂ ಕೇಳುವುದಿಲ್ಲ ಎಂದು ನಿಮಗೆ ಹೇಳಬೇಕಾಗಿಲ್ಲ. ಆ ಗದ್ದಲದ ನಡುವೆಯೇ ನೋಹ್ ನಾಟಕದ, ಎಂದರೆ ಜಪಾನಿನ ಹಳೆಯ ಸಾಂಪ್ರದಾಯಿಕ ರಂಗಪ್ರಕಾರದ, ದೃಶ್ಯ ಬಂತು. ತಂದೆ ಮತ್ತು ಮಗಳು ಅಕ್ಕಪಕ್ಕ ಕುಳಿತು ನಾಟಕ ನೋಡುತ್ತಿದ್ದಾರೆ. ತಂದೆ ವಿಧುರ, ಪ್ರೊಫೆಸರ್. ಮಗಳು ನೊರಿಕೊಗೆ ಇಪ್ಪತ್ತೇಳು. ಅವಳಿಗೆ ಮದುವೆ ಬೇಡ, ತಂದೆಯನ್ನು ನೋಡಿಕೊಂಡು ಇದ್ದುಬಿಡಬೇಕು. ತಂದೆ ಎದುರು ಸಾಲಿನಲ್ಲಿದ್ದ ವಿಧವೆಯೊಬ್ಬಳಿಗೆ ತಲೆಬಾಗಿ ವಂದಿಸುತ್ತಾನೆ. ಮಗಳೂ ನಗುತ್ತ ವಂದಿಸುತ್ತಾಳೆ. ಆಮೇಲೆ ಅವಳ ಕಣ್ಣು ತಂದೆಯ ಮೇಲೆ, ಮತ್ತೆ ಆ ಹೆಂಗಸಿನ ಮೇಲೆ, ಮತ್ತೆ ತಂದೆಯ ಮೇಲೆ ಹೋಗುತ್ತದೆ. ತಂದೆ ಮರುಮದುವೆಯಾಗುವುದಾದರೆ ಅದು ಇವಳನ್ನೇ ಎಂದು ಹೊಳೆಯುತ್ತದೆ. ನಗು ಒಂದೇ ಸಲಕ್ಕೆ ಹೋಗುವುದಿಲ್ಲ, ಒದ್ದೆ ಗೋಡೆಯ ಸುಣ್ಣದಂತೆ ಅಲ್ಲಲ್ಲಿ ಉದುರುತ್ತದೆ. ಕೊನೆಗೆ ತಲೆ ತಗ್ಗುತ್ತದೆ. ಕೆಲವು ನಿಮಿಷಗಳ ಆ ಇಡೀ ದೃಶ್ಯದಲ್ಲಿ ಪಾತ್ರಗಳು ಒಂದು ಮಾತನ್ನೂ ಆಡುವುದಿಲ್ಲ, ಹಿನ್ನೆಲೆಯಲ್ಲಿ ನೋಹ್ ಗಾಯನ ಮಾತ್ರ. ನಮಗೆ ಅದೂ ಕೇಳಿಸಲಿಲ್ಲ.

ಅಂದು ಹಿಂದಿನ ಸಾಲಿನಲ್ಲಿ ಯಕ್ಷಗಾನ ಮೇಳದಲ್ಲಿ ಮದ್ದಳೆ ನುಡಿಸಿ ನಿವೃತ್ತರಾಗಿದ್ದ ಹಿರಿಯರೊಬ್ಬರು ಕುಳಿತಿದ್ದರು. ಮಳೆಗೆ ಎಲ್ಲಿಯೂ ಹೋಗಲಾಗದೆ ಒಳಗೆ ಬಂದವರು, ಜಪಾನಿ ಚಿತ್ರಕ್ಕೆಂದು ಬಂದವರಲ್ಲ. ಚಿತ್ರ ಮುಗಿದ ಮೇಲೆ ಅವರು ಕೇಳಿದ್ದು ಒಂದೇ ಮಾತು: ‘ಪದ್ಯವೂ ಇಲ್ಲ, ಅರ್ಥವೂ ಇಲ್ಲ, ಪ್ರಸಂಗ ಮುಂದೆ ಹೋಯಿತಲ್ಲ ಮಾರಾಯರೇ?’ ಆಟದಲ್ಲಿ ಭಾಗವತರು ಪದ್ಯ ಹೇಳುತ್ತಾರೆ, ವೇಷಧಾರಿ ಕುಣಿದು ಅಭಿನಯಿಸಿ ಆಮೇಲೆ ಅರ್ಥ ಹೇಳುತ್ತಾನೆ. ಎರಡೂ ಇಲ್ಲದೆ ಒಂದು ಮುಖ ಕಥೆಯನ್ನು ದಾಟಿಸಿದ್ದು ಅವರಿಗೆ ಸೋಜಿಗವಾಗಿತ್ತು. ನಾನು ಓದಿದ ಯಾವ ವಿಮರ್ಶೆಯೂ ಹಾರಾ ಅವರ ಬಗ್ಗೆ ಇಷ್ಟು ನೇರವಾಗಿ ಹೇಳಿರಲಿಲ್ಲ.

ಈಗ ‘ಟೋಕಿಯೊ ಸ್ಟೋರಿ’ಯ ಸೊಸೆಗೆ ಬರೋಣ. ಮದುವೆ ಮನೆಯಲ್ಲಿ ಬೆಳಗ್ಗೆಯಿಂದ ಬಡಿಸಿ ಬಡಿಸಿ ಸೋತ ಹೆಂಗಸನ್ನು ‘ನಿಮ್ಮದು ಊಟ ಆಯಿತಾ?’ ಎಂದು ಕೇಳಿ ನೋಡಿ. ಒಂದು ನಗು ಬರುತ್ತದೆ. ಅದರಲ್ಲಿ ಸಂತೋಷವೂ ಇಲ್ಲ, ಸುಳ್ಳೂ ಇಲ್ಲ. ಈ ವಿಷಯ ಇಲ್ಲಿಗೆ ಬಿಡಿ ಎಂಬ ಕೋರಿಕೆ ಇದೆ. ಈ ಸೊಸೆಯ ಹೆಸರೂ ನೊರಿಕೊ, ಅವಳ ನಗು ಆ ಜಾತಿಯದು. ಗಂಡ ಯುದ್ಧದಲ್ಲಿ ಸತ್ತು ಎಂಟು ವರ್ಷವಾಗಿದೆ. ಒಂದು ಕೋಣೆಯ ಬಾಡಿಗೆ ಮನೆ, ಕಚೇರಿಯ ಕೆಲಸ. ಅತ್ತೆ ಮಾವ ಬಂದರೆ ಉಪಚರಿಸಲು ಪಕ್ಕದ ಮನೆಯಿಂದ ಸಾಕೆ ಮದ್ಯವನ್ನೂ ಅದನ್ನು ಕುಡಿಯುವ ಬಟ್ಟಲನ್ನೂ ಎರವಲು ತರಬೇಕು. ಅಂಥವಳು ನಗದೆ ಇನ್ನೇನು ಮಾಡಬೇಕು?

ಕೊನೆಯ ಭಾಗವನ್ನು ಇನ್ನೊಮ್ಮೆ ನೋಡಿ. ಬದುಕು ನಿರಾಸೆಯೇ ಅಲ್ಲವೇ ಎಂದು ಕಿರಿಯ ನಾದಿನಿ ಕೇಳುತ್ತಾಳೆ. ಹೌದು ಎಂದು ನೊರಿಕೊ ನಗುತ್ತಲೇ ಹೇಳುತ್ತಾಳೆ. ಅದಾದ ಮೇಲೆ ಮಾವ ಅವಳನ್ನು ಹೊಗಳಿ, ಸತ್ತ ಮಗನನ್ನು ಮರೆತು ಬೇರೆ ಮದುವೆಯಾಗು ಎಂದಾಗ ಅವಳು ಹೇಳುವುದೇನು? ತಾನು ಅಷ್ಟು ಒಳ್ಳೆಯವಳಲ್ಲ, ಗಂಡನ ನೆನಪೇ ಬಾರದ ದಿನಗಳಿವೆ, ಹೀಗೆಯೇ ಇದ್ದರೆ ಮುಂದೇನು ಎಂದು ರಾತ್ರಿ ಯೋಚನೆಯಾಗುತ್ತದೆ, ಮನಸ್ಸಿನ ಯಾವುದೋ ಮೂಲೆ ಏನನ್ನೋ ಕಾಯುತ್ತಿದೆ. ಅಷ್ಟು ಹೇಳಿ ಮುಖ ಮುಚ್ಚಿಕೊಂಡು ಅಳುತ್ತಾಳೆ. ನಿಮಗೆ ಕಂಡ ಸಹನಾಮೂರ್ತಿಯನ್ನು ಅವಳೇ ತನ್ನ ಕೈಯಾರೆ ಒಡೆಯುತ್ತಾಳೆ. ಅದಕ್ಕೆ ಮೊದಲು ಎರಡು ಗಂಟೆ ಆ ನಗು ಇರಲೇಬೇಕಿತ್ತು. ಒಡೆಯಬೇಕಾದರೆ ಮೊದಲು ಕಟ್ಟಬೇಕಲ್ಲ. 2012ರಲ್ಲಿ ಬ್ರಿಟನ್ನಿನ ‘ಸೈಟ್ ಅಂಡ್ ಸೌಂಡ್’ ಪತ್ರಿಕೆ ಲೋಕದ ನಿರ್ದೇಶಕರಿಂದ ಮತ ಪಡೆದಾಗ ಈ ಚಿತ್ರಕ್ಕೆ ಮೊದಲ ಸ್ಥಾನ ಸಿಕ್ಕಿತು. ಅದರಲ್ಲಿ ಅಳುವ ಈ ನೊರಿಕೊಳ ಪಾಲು ದೊಡ್ಡದು ಎಂದು ನನ್ನ ಲೆಕ್ಕ.

ಆದರೆ ಓಜು ಚಿತ್ರಗಳಲ್ಲಿಯೇ ಹಾರಾ ಅವರನ್ನು ಅಳೆಯುವುದು ಲೋಕದ ಎಲ್ಲ ಸಿನಿಮಾಪ್ರಿಯರು ಮಾಡುವ ತಪ್ಪು. 1935ರಿಂದ 1962ರವರೆಗೆ ಅವರು ನಟಿಸಿದ್ದು ನೂರಕ್ಕೂ ಹೆಚ್ಚು ಚಿತ್ರಗಳಲ್ಲಿ. ಓಜು ಜತೆ ಮಾಡಿದ್ದು ಆರು. ಆ ಆರು ರತ್ನಗಳೇ ಇರಬಹುದು. ಉಳಿದ ತೊಂಬತ್ತು ಚಿಲ್ಲರೆಯನ್ನು ಬಿಟ್ಟು ಒಬ್ಬರ ದುಡಿಮೆಯ ಬದುಕನ್ನು ಹೇಳಲಾಗದು.

ಯೊಕೊಹಾಮಾದಲ್ಲಿ 1920ರ ಜೂನ್ 17ರಂದು ಹುಟ್ಟಿದ ಅವರ ನಿಜ ಹೆಸರು ಮಸಾಎ ಐದಾ. ದೊಡ್ಡ ಸಂಸಾರ, ಕೈ ಬಿಗಿ. ಅಕ್ಕನನ್ನು ಮದುವೆಯಾಗಿದ್ದ ಹಿಸತೊರಾ ಕುಮಗಾಯಿ ನಿರ್ದೇಶಕ. ಭಾವನ ದಾರಿಯಲ್ಲಿ ಹುಡುಗಿ ಶಾಲೆ ಬಿಟ್ಟು ನಿಕ್ಕಾತ್ಸು ಸ್ಟುಡಿಯೊ ಸೇರಿದಾಗ ಹದಿನೈದು ವರ್ಷ. ಒಂದು ಸಂಗತಿ ನಮ್ಮ ಊರಿನವರಿಗೆ ಸುಲಭವಾಗಿ ಅರ್ಥವಾದೀತು: 1920ರ ದಶಕದ ಆರಂಭದವರೆಗೂ ಜಪಾನಿ ಸಿನಿಮಾದಲ್ಲಿ ಹೆಣ್ಣಿನ ಪಾತ್ರಗಳನ್ನು ಬಹುಪಾಲು ಗಂಡಸರೇ ಮಾಡುತ್ತಿದ್ದರು. ಅದು ಕಬುಕಿ ರಂಗಭೂಮಿಯ ಸ್ತ್ರೀವೇಷದ ಪರಂಪರೆ. ನಮ್ಮಲ್ಲಿ ಕೋಳ್ಯೂರು ರಾಮಚಂದ್ರ ರಾಯರಂಥವರ ಸ್ತ್ರೀವೇಷ ಕಂಡವರಿಗೆ ಗೊತ್ತು, ಆ ಕಲೆ ಹೆಣ್ತನವನ್ನು ಹಿಂಡಿ ಅದರ ಸತ್ವವನ್ನಷ್ಟೇ ಇಡುತ್ತದೆ. ಹಾರಾ ಬಂದದ್ದು ಅದು ಸರಿದು ನಟಿಯರು ನೆಲೆಯೂರಿದ ಮೇಲೆ. ಎತ್ತರದ ನಿಲುವು, ದೊಡ್ಡ ಕಣ್ಣು, ಅಗಲ ಬಾಯಿ. ಮುದ್ರೆ, ಸಂಕೇತಗಳ ಹಂಗಿಲ್ಲದೆ ನೇರವಾಗಿ ನೋಡುವ ಮುಖ.

ಆ ಮುಖವನ್ನು ಮೊದಲು ದೊಡ್ಡದಾಗಿ ಬಳಸಿಕೊಂಡವರು ಜರ್ಮನರು. ನಿರ್ದೇಶಕ ಆರ್ನಾಲ್ಡ್ ಫಾಂಕ್ 1937ರ ಜರ್ಮನ್–ಜಪಾನಿ ಜಂಟಿ ಚಿತ್ರಕ್ಕೆ ಹದಿನಾರರ ಈ ಹುಡುಗಿಯನ್ನು ಆರಿಸಿದರು. ಪ್ರೇಮ ಸೋತಿತೆಂದು ಜ್ವಾಲಾಮುಖಿಗೆ ಹಾರಲು ಹೋಗುವ ಪಾತ್ರ. ಹಿಂದೆಯೇ ಭಾವನ ಜತೆ ನಾಜಿ ಜರ್ಮನಿಗೆ ಪ್ರಯಾಣ. ವಾಪಸಾದ ಮೇಲೆ ತೋಹೊ ಸ್ಟುಡಿಯೊ, ಸಾಲು ಸಾಲು ಯುದ್ಧಪ್ರಚಾರದ ಚಿತ್ರಗಳು. 1942ರಲ್ಲಿ ಪರ್ಲ್ ಹಾರ್ಬರ್ ದಾಳಿಯ ವಿಜಯವನ್ನು ಮೆರೆಸಿದ ಚಿತ್ರದಲ್ಲಿಯೂ ಅವರಿದ್ದಾರೆ. ಅಭಿಮಾನಿಗಳು ಈ ಪುಟವನ್ನು ಬೇಗ ಮಗುಚುತ್ತಾರೆ. ಮಗುಚಬಾರದು. ಯುದ್ಧಕ್ಕೆ ಹೋಗುವ ಹುಡುಗರ ಹಿಂದೆ ನಿಂತು ಹರಸುವ ಅಕ್ಕ ತಂಗಿಯರ ಮುಖ ಅದೇ ಆಗಿತ್ತು.

ನಾಲ್ಕೇ ವರ್ಷದಲ್ಲಿ ಆ ಮುಖ ಇನ್ನೊಂದು ಕೆಲಸಕ್ಕೆ ನಿಂತಿತು. ಸೋತ ಜಪಾನನ್ನು ಆಳುತ್ತಿದ್ದ ಅಮೆರಿಕನ್ನರಿಗೆ ಪ್ರಜಾಪ್ರಭುತ್ವದ ಕಥೆಗಳು ಬೇಕಿದ್ದವು. 1946ರಲ್ಲಿ ಅಕಿರಾ ಕುರೊಸಾವಾ ‘ನೋ ರಿಗ್ರೆಟ್ಸ್ ಫಾರ್ ಅವರ್ ಯೂತ್’ ಮಾಡಿದರು. ಪ್ರೊಫೆಸರ್ ಮಗಳು ಯುಕಿಎ ಪಿಯಾನೊ ನುಡಿಸಿಕೊಂಡು ಬೆಳೆದವಳು. ಅವಳು ಕೈಹಿಡಿದವನು ಯುದ್ಧವಿರೋಧಿ. ಗೂಢಚಾರನೆಂಬ ಆರೋಪ ಹೊತ್ತು ಸೆರೆಯಲ್ಲಿ ಸಾಯುತ್ತಾನೆ. ಅವಳು ಗಂಡನ ಹಳ್ಳಿಗೆ ಹೋಗುತ್ತಾಳೆ. ಆ ಮನೆಗೆ ಊರವರು ದೇಶದ್ರೋಹಿಯ ಮನೆ ಎಂದು ಬಹಿಷ್ಕಾರ ಹಾಕಿದ್ದಾರೆ. ಅತ್ತೆಯ ಜತೆ ಕೆಸರಿಗಿಳಿದು ಗದ್ದೆ ಹದಮಾಡಿ, ಜ್ವರದಲ್ಲೂ ಬಿಡದೆ ನೇಜಿ ನೆಡುತ್ತಾಳೆ. ನೆಟ್ಟು ಮುಗಿಸಿದ ಗದ್ದೆಯನ್ನು ಊರವರು ರಾತ್ರಿ ಹಾಳುಮಾಡುತ್ತಾರೆ. ಬೆಳಗ್ಗೆ ಅವಳು ಮತ್ತೆ ಬಗ್ಗುತ್ತಾಳೆ. ನಗುವ ನೊರಿಕೊಳನ್ನು ಮಾತ್ರ ಕಂಡವರಿಗೆ ಇದು ಬೇರೆ ಯಾರೋ ನಟಿ ಅನ್ನಿಸಬೇಕು, ಅಷ್ಟು ಒರಟು. ನೇಜಿ ನೆಟ್ಟು ಗೊತ್ತಿರುವ ನಮ್ಮ ಕಡೆಯ ಹೆಂಗಸರು ಆ ಬೆನ್ನು ಬಗ್ಗುವ ಬಗೆಯಲ್ಲಿ ತಪ್ಪು ಹುಡುಕಬಹುದು. ಆ ಕಣ್ಣಿನ ಹಟದಲ್ಲಿ ಹುಡುಕಲಾರರು.

ಅದೇ ವರ್ಷ ತೋಹೊ ಸ್ಟುಡಿಯೊದಲ್ಲಿ ದೊಡ್ಡ ಮುಷ್ಕರ. ಸಂಘವನ್ನು ಬಿಟ್ಟು ಹೊರನಡೆದ ಹತ್ತು ತಾರೆಯರಲ್ಲಿ ಹಾರಾ ಒಬ್ಬರು. ಸ್ವಲ್ಪ ಕಾಲದಲ್ಲೇ ಯಾವ ಸ್ಟುಡಿಯೊಗೂ ಕಟ್ಟುಬೀಳದೆ ಸ್ವತಂತ್ರರಾದರು. ಇದನ್ನು ಸಣ್ಣ ವಿಷಯ ಎಂದುಕೊಳ್ಳಬೇಡಿ. ನಟ ನಟಿಯರೆಂದರೆ ಸ್ಟುಡಿಯೊದ ಸ್ವತ್ತು ಎಂಬಂತಿದ್ದ ಕಾಲ. ಈ ಸ್ವಾತಂತ್ರ್ಯದಿಂದಲೇ 1947ರಲ್ಲಿ ಶೋಚಿಕು ಸಂಸ್ಥೆಗೆ ಕೊಜಾಬುರೊ ಯೊಶಿಮುರಾ ಅವರ ‘ಎ ಬಾಲ್ ಅಟ್ ದಿ ಆಂಜೊ ಹೌಸ್’ ಮಾಡಲು ಸಾಧ್ಯವಾಯಿತು. 1949 ಅಂತೂ ಅವರ ವರ್ಷ: ತದಾಶಿ ಇಮಾಯಿ ಅವರ ‘ದಿ ಬ್ಲೂ ಮೌಂಟನ್ಸ್’ ಚಿತ್ರದಲ್ಲಿ ಊರನ್ನು ಎದುರು ಹಾಕಿಕೊಳ್ಳುವ ಶಿಕ್ಷಕಿ, ಕಿನೊಶಿತಾ ಅವರ ಹಾಸ್ಯಚಿತ್ರದಲ್ಲಿ ದಿವಾಳಿಯೆದ್ದ ಶ್ರೀಮಂತರ ಮಗಳು, ಓಜು ಅವರ ‘ಲೇಟ್ ಸ್ಪ್ರಿಂಗ್’. ಮೂರು ನಿರ್ದೇಶಕರು, ಮೂರು ಬೇರೆ ಬೇರೆ ಹೆಂಗಸರು.

ಸುವರ್ಣಯುಗ ಎನ್ನುತ್ತಾರಲ್ಲ, ಅದು ಇಲ್ಲಿಂದ ಮುಂದಿನ ಹತ್ತು ಹನ್ನೆರಡು ವರ್ಷ. ಕುರೊಸಾವಾ ಅವರ ‘ರಾಶೋಮಾನ್’ 1951ರಲ್ಲಿ ವೆನಿಸ್‌ನಲ್ಲಿ ಗೆದ್ದ ಮೇಲೆ ಲೋಕ ಅತ್ತ ತಿರುಗಿತು. 1958ರಲ್ಲಿ ಜಪಾನಿನಲ್ಲಿ 112 ಕೋಟಿ ಸಿನಿಮಾ ಟಿಕೆಟ್ ಮಾರಾಟವಾದವು. ಆಗಿನ ಜನಸಂಖ್ಯೆ ಒಂಬತ್ತು ಕೋಟಿ ಚಿಲ್ಲರೆ, ಎಂದರೆ ಕೂಸು ಮುದುಕರೆನ್ನದೆ ತಲೆಗೆ ವರ್ಷಕ್ಕೆ ಹನ್ನೆರಡು ಸಿನಿಮಾ. ಅಷ್ಟು ಹಸಿವಿಗೆ ಅನ್ನ ಹಾಕಲು ಒಬ್ಬ ನಟಿ ಸಾಲದು. ಕಿನುಯೊ ತನಾಕಾ ಇದ್ದರು, ಆಮೇಲೆ ತಾವೇ ಆರು ಚಿತ್ರ ನಿರ್ದೇಶಿಸಿದರು. ಮಚಿಕೊ ಕ್ಯೊ ಇದ್ದರು, ‘ರಾಶೋಮಾನ್’ನ ಹೆಂಡತಿ. ಹಿದೆಕೊ ತಕಮಿನೆ ಇದ್ದರು. ಅಭಿನಯದ ಹರವಿನಲ್ಲಿ ತಕಮಿನೆ ಹಾರಾ ಅವರಿಗಿಂತ ದೊಡ್ಡವರು ಎಂದು ಯಾರಾದರೂ ವಾದಿಸಿದರೆ ನಾನು ಜಗಳಕ್ಕೆ ಹೋಗುವುದಿಲ್ಲ.

ನನ್ನನ್ನು ಕೇಳಿದರೆ ಹಾರಾ ಅವರ ಅತ್ಯಂತ ಕಷ್ಟದ ಕೆಲಸ ಇರುವುದು ಮಿಕಿಯೊ ನರುಸೆ ಚಿತ್ರಗಳಲ್ಲಿ. 1951ರ ‘ರಿಪಾಸ್ಟ್’ ಚಿತ್ರದ ಜಪಾನಿ ಹೆಸರು ‘ಮೆಶಿ’. ಆ ಪದಕ್ಕೆ ಅನ್ನ ಎಂದೂ ಅರ್ಥ, ಊಟ ಎಂದೂ ಅರ್ಥ. ಒಸಾಕಾದ ಸಣ್ಣ ಮನೆ, ಷೇರು ಕಚೇರಿಯ ಗುಮಾಸ್ತ ಗಂಡ, ಅಕ್ಕಿ ತೊಳೆಯುವುದು, ಅನ್ನ ಮಾಡುವುದು, ಗಂಡ ಪತ್ರಿಕೆಯಿಂದ ತಲೆಯೆತ್ತದೆ ‘ಹಸಿವು’ ಎನ್ನುವುದು. ಓಜು ಚಿತ್ರದಲ್ಲಿ ಬೆಳಗುವ ಅದೇ ಮುಖ ಇಲ್ಲಿ ಮಂಕಾಗಿದೆ, ಕೂದಲು ಸಡಿಲ, ನಗು ಬರುವುದು ಅಪರೂಪ, ಬಂದರೆ ಹುಳಿ. ಅವಳು ಗಂಡನನ್ನು ಬಿಟ್ಟು ಟೋಕಿಯೊದ ತವರಿಗೆ ಹೋಗುತ್ತಾಳೆ, ಕೊನೆಗೆ ಅವನ ಜತೆಯೇ ಮರಳುತ್ತಾಳೆ. ರೈಲಿನಲ್ಲಿ ಅವನು ನಿದ್ದೆಹೋಗಿದ್ದಾನೆ. ಅವನಿಗೆಂದು ಬರೆದ ಕಾಗದವನ್ನು ಹರಿದು ಕಿಟಕಿಯಿಂದ ತೂರುತ್ತಾಳೆ. ಇದು ಸುಖಾಂತವೇ? ಕಥೆಯ ಮೂಲ ಫುಮಿಕೊ ಹಯಾಶಿ ಅವರ ಕಾದಂಬರಿ, ಮುಗಿಸುವ ಮೊದಲೇ ಲೇಖಕಿ ತೀರಿಕೊಂಡಿದ್ದರು. ಅಂತ್ಯವನ್ನು ಚಿತ್ರದವರೇ ಕಟ್ಟಬೇಕಾಯಿತು. ಹಾರಾ ಆ ಮರಳುವಿಕೆಯನ್ನು ಗೆಲುವಿನಂತೆಯೂ ಆಡಲಿಲ್ಲ, ಸೋಲಿನಂತೆಯೂ ಆಡಲಿಲ್ಲ. ಚಿತ್ರ ಸುಳ್ಳಾಗದೆ ಉಳಿದದ್ದು ಅದರಿಂದ.

1954ರ ‘ಸೌಂಡ್ ಆಫ್ ದಿ ಮೌಂಟನ್’ ಇನ್ನೂ ಒಂದು ಹೆಜ್ಜೆ ಮುಂದೆ. ಕವಾಬಾತಾ ಅವರ ಕಾದಂಬರಿ. ಇಲ್ಲಿಯೂ ಹಾರಾ ಸೊಸೆ, ಇಲ್ಲಿಯೂ ಮಾವನಿಗೆ ಅವಳೆಂದರೆ ಅಕ್ಕರೆ, ಇಲ್ಲಿಯೂ ಮೊದಮೊದಲು ಎಲ್ಲದಕ್ಕೂ ನಗು. ಗಂಡನಿಗೆ ಬೇರೊಬ್ಬಳಿದ್ದಾಳೆ. ಬಸಿರಾದ ಸೊಸೆ ಯಾರಿಗೂ ಹೇಳದೆ ಹೋಗಿ ಗರ್ಭ ತೆಗೆಸಿ ಬರುತ್ತಾಳೆ. ಅಂಥ ಗಂಡನ ಮಗು ತನಗೆ ಬೇಡ. ಕೂಗಾಟವಿಲ್ಲ, ಕಣ್ಣೀರ ಕೋಡಿಯಿಲ್ಲ. ‘ಟೋಕಿಯೊ ಸ್ಟೋರಿ’ ಬಂದ ಮರುವರ್ಷವೇ ಆ ಒಳ್ಳೆಯ ಸೊಸೆ ಹೀಗೆ ಇಲ್ಲ ಎಂದಳು. ನಿಮ್ಮ ಆಕ್ಷೇಪಕ್ಕೆ ಇದಕ್ಕಿಂತ ನೇರ ಉತ್ತರ ನನ್ನ ಬಳಿ ಇಲ್ಲ.

(ನಡುವೆ ಒಂದು ಮಾತು. ಮಗಳಿಗೆ ಮದುವೆ ಮಾಡಿ ಕಳಿಸಿದ ಮೇಲೆ ಒಂಟಿಯಾಗಿ ಸೇಬಿನ ಸಿಪ್ಪೆ ಸುಲಿಯುವ ‘ಲೇಟ್ ಸ್ಪ್ರಿಂಗ್’ ತಂದೆಯ ಕಥೆಯನ್ನು, ಮನೆತನ ಹೆಣ್ಣಿನ ಕಡೆಯಿಂದ ಸಾಗುವ ಅಳಿಯಸಂತಾನದ ಮನೆಯಲ್ಲಿ ಬೆಳೆದ ನನ್ನ ಅಜ್ಜಿಗೆ ಹೇಳಿದ್ದೆ. ಅವರಿಗೆ ಅರ್ಥವಾಗದ್ದು ಒಂದೇ. ಮಗಳೇಕೆ ಮನೆ ಬಿಡಬೇಕು, ಅಳಿಯನೇ ಬಂದು ಹೋಗಲಿ.)

ನೀವು ನಮ್ಮ ಸಿನಿಮಾಗಳನ್ನು ನೆನೆದಿದ್ದೀರಿ. ನಮ್ಮ ಜಿಲ್ಲೆಯ ಮಗಳು ಕಲ್ಪನಾ ‘ಸಾಕು ಮಗಳು’ ಚಿತ್ರದಿಂದ ಬಂದದ್ದು 1963ರಲ್ಲಿ, ಹಾರಾ ನಿಲ್ಲಿಸಿದ ಮರುವರ್ಷ. ಪುಟ್ಟಣ್ಣ ಕಣಗಾಲರ ‘ಶರಪಂಜರ’ದಲ್ಲಿ ಕಲ್ಪನಾ ಒಳಗಿನದನ್ನೆಲ್ಲ ಹೊರಗೆ ಸುರಿಯುತ್ತಾರೆ, ಕಣ್ಣು, ಕೈ, ದನಿ, ಕೆದರಿದ ಕೂದಲು ಎಲ್ಲವೂ ಮಾತನಾಡುತ್ತವೆ. ಹಾರಾ ಮುಚ್ಚಳ ಬಿಗಿದು ಕುದಿಸುತ್ತಾರೆ. ಒಂದು ಮೇಲು, ಇನ್ನೊಂದು ಕೀಳು ಎನ್ನುವವರ ಜತೆ ನನಗೆ ಮಾತಿಲ್ಲ. ಆದರೆ ಮೊದಲನೆಯದಕ್ಕೆ ಪಳಗಿದ ನಮ್ಮ ಕಣ್ಣಿಗೆ ಎರಡನೆಯದು ಏನೂ ನಡೆಯದಂತೆ ಕಾಣುವುದು ಸಹಜ. ತಮಾಷೆಯೆಂದರೆ ಹಾರಾ ಅವರಿಗೂ ಸುರಿಯುವುದು ಬರುತ್ತಿತ್ತು. ಕುರೊಸಾವಾ 1951ರಲ್ಲಿ ದೊಸ್ತೊಯೆವ್‌ಸ್ಕಿಯ ‘ದಿ ಈಡಿಯಟ್’ ಕಾದಂಬರಿಯನ್ನು ಹೊಕ್ಕೈಡೊದ ಹಿಮಕ್ಕೆ ತಂದಾಗ ಹಾರಾ ಕಪ್ಪು ನಿಲುವಂಗಿ ತೊಟ್ಟು, ಹುಬ್ಬೇರಿಸಿ, ಹೋದಲ್ಲೆಲ್ಲ ಬೆಂಕಿ ಹಚ್ಚುವ ಹೆಂಗಸಾದರು. ಸುಮಾರು ನಾಲ್ಕೂವರೆ ಗಂಟೆಯ ಚಿತ್ರವನ್ನು ಸ್ಟುಡಿಯೊ 166 ನಿಮಿಷಕ್ಕೆ ಕತ್ತರಿಸಿತು. ಉಳಿದದ್ದು ಕುಂಟುತ್ತದೆ, ಅವರ ನಟನೆಯೂ ಅಲ್ಲಲ್ಲಿ ಅತಿಯಾಯಿತು ಎಂದೇ ನನ್ನ ಭಾವನೆ. ಆದರೂ ನೋಡಬೇಕು.

ಸಿನಿಮಾ ಬಿಟ್ಟ ಬಗ್ಗೆ ಒಂದಿಷ್ಟು. ಪತ್ರಿಕೆಗಳು ಅವರಿಗೆ ‘ಶಾಶ್ವತ ಕನ್ಯೆ’ ಎಂಬ ಪಟ್ಟ ಕಟ್ಟಿದ್ದವು. ಮದುವೆಯಾಗದ ನಲವತ್ತರ ಹೆಂಗಸು ಅದನ್ನು ಹೊತ್ತು ತಿರುಗುವುದು ಎಷ್ಟು ಹಿಂಸೆಯಾಗಿದ್ದಿರಬೇಕು. 1953ರಲ್ಲಿ ಭಾವ ನಿರ್ದೇಶಿಸುತ್ತಿದ್ದ ಚಿತ್ರದ ಚಿತ್ರೀಕರಣದಲ್ಲಿ, ಕ್ಯಾಮೆರಾ ಹಿಡಿದಿದ್ದ ಹಾರಾ ಅವರ ಸ್ವಂತ ಅಣ್ಣ ರೈಲು ಬಡಿದು ಸತ್ತರು. ಮುಂದೆ ಕಣ್ಣಿಗೆ ಪೊರೆ ಬಂತು. ಪಾತ್ರಗಳೂ ಸರಿಯುತ್ತಿದ್ದವು: ‘ಲೇಟ್ ಸ್ಪ್ರಿಂಗ್’ನಲ್ಲಿ ಮದುವೆ ಬೇಡವೆಂದ ಮಗಳು 1960ರ ‘ಲೇಟ್ ಆಟಮ್’ ಹೊತ್ತಿಗೆ ಮದುವೆ ಬೇಡವೆನ್ನುವ ಮಗಳ ತಾಯಿ. ಓಜು ಅದೇ ಕಥೆಯನ್ನು ಮಗುಚಿ ಹಾಕಿ ಅದೇ ನಟಿಯನ್ನು ಆಚೆ ಬದಿಯಲ್ಲಿ ಕೂರಿಸಿದ್ದರು. ಕೊನೆಯ ‘ಚುಶಿಂಗುರಾ’ದಲ್ಲಿ ಅವರದು ನಾಯಕನ ಹೆಂಡತಿಯ ಸಣ್ಣ ಪಾತ್ರ. ಆಮೇಲೆ ವಿದಾಯ ಸಮಾರಂಭವಿಲ್ಲ, ಹಾರ ತುರಾಯಿ ಇಲ್ಲ. ಕಾಮಾಕುರಾದ ಮನೆ ಸೇರಿ ಸಂದರ್ಶನಕ್ಕೂ ಫೋಟೊಗೂ ಬಾಗಿಲು ಮುಚ್ಚಿದರು. ಓಜು ಅವರ ಅಂತಿಮ ದರ್ಶನಕ್ಕೆ ಬಂದಾಗ ಮಸಾಎ ಐದಾ ಎಂದೇ ಸಹಿ ಹಾಕಿದರಂತೆ. 2015ರ ಸೆಪ್ಟೆಂಬರ್ 5ರಂದು, 95ನೆಯ ವಯಸ್ಸಿನಲ್ಲಿ ತೀರಿಕೊಂಡ ಸುದ್ದಿ ಹೊರಬಿದ್ದದ್ದು ನವೆಂಬರ್ ಕೊನೆಗೆ. ಅಷ್ಟು ಕಟ್ಟುನಿಟ್ಟು. ಸಂಸಾರ ಸಾಕಲು ಹದಿನೈದಕ್ಕೆ ದುಡಿಮೆಗೆ ಇಳಿದ ಒಬ್ಬರು, ಇಪ್ಪತ್ತೇಳು ವರ್ಷ ದುಡಿದು, ಸಾಕು ಎಂದು ಮನೆಗೆ ಹೋದರು ಎಂದುಕೊಳ್ಳಲು ನಮಗೇಕೆ ಕಷ್ಟವಾಗಬೇಕೋ ತಿಳಿಯದು. ಬ್ಯಾಂಕಿನ ಗುಮಾಸ್ತರು ಹಾಗೆ ಮಾಡಿದರೆ ಯಾರೂ ರಹಸ್ಯ ಹುಡುಕುವುದಿಲ್ಲ.

ನೋಡುವುದಾದರೆ ಮೊದಲು ‘ನೋ ರಿಗ್ರೆಟ್ಸ್’ ನೋಡಿ, ನಗುವಿನ ಚಿಂತೆಯೇ ಇರುವುದಿಲ್ಲ. ಹಿಂದೆಯೇ ‘ರಿಪಾಸ್ಟ್’. ಅದಾದ ಮೇಲೆ ಓಜುವಿನ 1951ರ ‘ಅರ್ಲಿ ಸಮ್ಮರ್’, ಮೂವರು ನೊರಿಕೊಗಳಲ್ಲಿ ನಡುವಿನವಳು, ಮನೆಯವರು ತಂದ ಸಂಬಂಧ ಬಿಟ್ಟು ಮಗುವಿರುವ ವಿಧುರನನ್ನು ತಾನಾಗಿ ಒಪ್ಪುವವಳು. ‘ಲೇಟ್ ಸ್ಪ್ರಿಂಗ್’ ಕೊನೆಗಿರಲಿ, ಮಗಳನ್ನು ಪಕ್ಕದಲ್ಲಿ ಕೂರಿಸಿಕೊಳ್ಳಿ. ಓಜು ಕ್ಯಾಮೆರಾ ಇಡುವುದು ಚಾವಡಿಯಲ್ಲಿ ಚಾಪೆಯ ಮೇಲೆ ಕುಳಿತವರ ಕಣ್ಣಿನ ಎತ್ತರದಲ್ಲಿ, ಆದ್ದರಿಂದ ಸೋಫಾಕ್ಕಿಂತ ನೆಲವೇ ವಾಸಿ. ನೋಹ್ ನಾಟಕದ ದೃಶ್ಯ ಬಂದಾಗ ಟಿವಿಯ ದನಿಯನ್ನು ಪೂರ್ತಿ ತೆಗೆದುಬಿಡಿ. ನಿಮ್ಮ ಮನೆಗೂ ಶೀಟಿನ ಮಾಡಿದ್ದು, ಹೊರಗೆ ಆಟಿಯ ಮಳೆ ಹೊಯ್ಯುತ್ತಿದ್ದರೆ ಆ ತೊಂದರೆಯೂ ಬೇಡ.